ಹಸಿವಿಲ್ಲದ ಹುಳಗಳು

"ಫೋನು, ವಾಚು, ಹೇರ್‌ಪಿನ್ನು, ಕಿವಿಯೋಲೆ, ಎಲ್ಲಾ ಈ ಡಬ್ಬಿಗೆ ಹಾಕಿ ಅತ್ತಿಗೆ," ಎಂದಳು ಹುಳದಕ್ಕ. "ಸಂದು ಇರೋ ವಸ್ತು ಯಾವುದೂ ಒಳಗೆ ಹೋಗೋ ಹಾಗಿಲ್ಲ. ಒಂದು ಸಂದು ಸಿಕ್ಕರೆ ಸಾಕು, ನನ್ನ ಮಕ್ಕಳು ಅಲ್ಲೇ ಸಂಸಾರ ಹೂಡಿಬಿಡ್ತವೆ."

ಮಕ್ಕಳು ಎಂದರೆ ಹುಳಗಳು. ಮಾಂಸ ತಿನ್ನುವ ಹುಳಗಳು. ಸತ್ತ ಪ್ರಾಣಿಯನ್ನು ಕೊಟ್ಟರೆ ಮೂಳೆ ಮಾತ್ರ ಉಳಿಸಿ ಮಿಕ್ಕಿದ್ದನ್ನೆಲ್ಲ ತಿಂದು ಮುಗಿಸುವುದು ಅವುಗಳ ಕಸುಬು. ಆ ಮೂಳೆಗಳನ್ನು ತೊಳೆದು, ತಂತಿಯಲ್ಲಿ ಪೋಣಿಸಿ, ಕಾಲೇಜುಗಳಿಗೂ ವಸ್ತುಸಂಗ್ರಹಾಲಯಗಳಿಗೂ ಮಾರುವುದು ಈ ಕಾರ್ಖಾನೆಯ ಕಸುಬು. ಬೋರ್ಡಿನ ಮೇಲೆ ಮಾರುದ್ದದ ಹೆಸರಿದ್ದರೂ ಜನರ ಬಾಯಲ್ಲಿ ಅದು ಮೂಳೆಮನೆ.

ಅತ್ತಿಗೆ ಓಲೆ ಬಿಚ್ಚಿ ಡಬ್ಬಿಗೆ ಹಾಕಿದಳು.

ಅವಳು ಊರಿಗೆಲ್ಲ ಅತ್ತಿಗೆ. ಮೈದುನ ಪುಟ್ಟವನಿದ್ದಾಗ "ಅತ್ತಿಗೆ, ಅತ್ತಿಗೆ" ಎಂದು ಅವಳ ಹಿಂದೆಮುಂದೆ ಸುತ್ತುತ್ತಿದ್ದುದನ್ನು ಕೇಳಿ ಕೇಳಿ ಬೀದಿಯವರೂ ಹಾಗೇ ಕರೆದರು. ಪತ್ತೇದಾರಿಕೆಯ ಬೋರ್ಡು ತೂಗುಹಾಕಿದ ಮೇಲೆ ಕಕ್ಷಿಗಾರರೂ ಹಾಗೇ ಕರೆದರು. ಪೊಲೀಸ್ ಠಾಣೆಯಲ್ಲಿ ಕೂಡ "ಬನ್ನಿ ಅತ್ತಿಗೆ, ಕೂತ್ಕೊಳ್ಳಿ" ಎನ್ನುತ್ತಾರೆ.

ಇವತ್ತು ಬೆಳಿಗ್ಗೆ ಮಾತ್ರ ಇನ್ಸ್‌ಪೆಕ್ಟರು ಕೂತ್ಕೊಳ್ಳಿ ಅನ್ನಲಿಲ್ಲ.

"ನಿಮ್ಮ ಜಾಮೀನಿನ ಮೇಲೆ ಮೈದುನನ್ನ ಬಿಟ್ಟಿದೀನಿ, ಅತ್ತಿಗೆ. ಸಂಜೆ ತನಕ ಅಷ್ಟೆ. ಸಂಜೆ ಅವನ ಮೇಲೆ ಕೊಲೆ ಕೇಸು ಬರ್ಕೋತೀನಿ. ಅವನಲ್ಲ ಅಂದ್ರೆ ಇನ್ಯಾರು ಅಂತ ನೀವೇ ತೋರಿಸಿ."

ಕಾಣೆಯಾದ ಕಥೆಗಾರ ಕೊನೆಯ ಬಾರಿ ಹತ್ತಿದ್ದು ಮೈದುನನ ವ್ಯಾನನ್ನು. ಅವನ ಒಂಟಿ ಚಪ್ಪಲಿ ಸಿಕ್ಕಿದ್ದೂ ಆ ವ್ಯಾನಿನಲ್ಲೇ.

ಕಥೆಗಾರನಿಗೆ ಜನ ಇಟ್ಟ ಹೆಸರು ರಕ್ಕಸಪ್ಪ. ವಾರಪತ್ರಿಕೆಯಲ್ಲಿ ಅವನ ಧಾರಾವಾಹಿ ಬರುವ ದಿನ ಅಂಗಡಿಗಳ ಮುಂದೆ ಸಾಲು ನಿಲ್ಲುತ್ತಿತ್ತು. ಅವನ ಕಥೆಗಳಲ್ಲಿ ಗಿಡ ಮನುಷ್ಯರನ್ನು ತಿನ್ನುತ್ತದೆ, ಮೀನು ತಿನ್ನುತ್ತದೆ. ಒಮ್ಮೆ ಒಂದು ಹಳೇ ಸೋಫಾ ಕೂಡ ತಿಂದಿತ್ತು, ಅದಕ್ಕೂ ಜನ ಶಿಳ್ಳೆ ಹೊಡೆದರು. ಆಳು ಮಾತ್ರ ಕಡ್ಡಿ ಪೈಲ್ವಾನ. ಜಿರಳೆ ಕಂಡರೆ ಕುರ್ಚಿ ಹತ್ತಿ ನಿಲ್ಲುವವನು.

ಹೊಸ ಕಥೆಗಾಗಿ ಮಾಂಸ ತಿನ್ನುವ ಹುಳ ನೋಡಬೇಕು ಎಂದು ಅವನು ಕೇಳಿದ್ದು ಅತ್ತಿಗೆಯ ಗಂಡನನ್ನು. ಗಂಡ ಅದೇ ಪತ್ರಿಕೆಯಲ್ಲಿ ಪುಟ ಕಟ್ಟುವವನು. ಗಂಡ ತಮ್ಮನಿಗೆ ಹೇಳಿದ. ತಮ್ಮ ಮೂಳೆಮನೆಯ ವ್ಯಾನು ಓಡಿಸುವವನು. ಹತ್ತಿಸಿಕೊಂಡು ಬಂದು ತೋರಿಸಿದ. ಇನ್ನೊಂದು ಸಲ ಹತ್ತಿಸಿಕೊಂಡ. ಆ ಸಲ ಇಳಿದದ್ದನ್ನು ಯಾರೂ ಕಂಡಿಲ್ಲ. ಉಪಕಾರ ಮಾಡಲು ಹೋಗಿ ಉರುಳಿಗೆ ಕತ್ತು ಕೊಟ್ಟಂತಾಯಿತು.

ಆಳು ಕಾಣೆಯಾಗಿ ಎರಡು ವಾರವಾದರೂ ಧಾರಾವಾಹಿ ನಿಂತಿಲ್ಲ. ಮುಂಚೆಯೇ ಬರೆದುಕೊಟ್ಟ ಕಂತುಗಳಿವೆಯಂತೆ. ಬರೆದವನೇ ಹೆಣವಾಗಿರಬಹುದು ಎಂಬ ಸುದ್ದಿ ಹಬ್ಬಿದ ಮೇಲಂತೂ ಪತ್ರಿಕೆ ಮಾರುವವರಿಗೆ ಉಸಿರಾಡಲೂ ಪುರುಸೊತ್ತಿಲ್ಲ. ರಕ್ಕಸರಿಗೆ ಹೊಟ್ಟೆ ಒಂದೇ ಕಡೆ, ಓದುವವರಿಗೆ ಮೈಯೆಲ್ಲ ಹೊಟ್ಟೆ!

ಮೂಳೆಮನೆಯಲ್ಲಿ ಒಂದು ಪದ್ಧತಿ ಇದೆ. ಯಜಮಾನನೇ ಬಂದರೂ ಅದನ್ನು ಮೀರುವಂತಿಲ್ಲ. ಹುಳದ ಕೋಣೆಗೆ ಎರಡು ಬಾಗಿಲು. ನಡುವೆ, ಕೈ ಚಾಚಿದರೆ ಎರಡೂ ಗೋಡೆ ತಾಗುವಷ್ಟು ಪುಟ್ಟ ನಡುಗೋಣೆ. ಒಂದು ಬಾಗಿಲು ಮುಚ್ಚದೆ ಇನ್ನೊಂದನ್ನು ತೆರೆಯಬಾರದು. ಒಳಗೆ ಯಾರಿದ್ದರೂ ನಡುಗೋಣೆಯಲ್ಲಿ ಇನ್ನೊಬ್ಬರು ಕಾವಲು ನಿಂತಿರಲೇಬೇಕು.

ಯಾಕೆಂದರೆ ಒಳಬಾಗಿಲಿನ ಚಿಲಕ ಇರುವುದು ನಡುಗೋಣೆಯ ಕಡೆಗೆ ಮಾತ್ರ. ಒಳಮೈ ನುಣ್ಣನೆಯ ಉಕ್ಕಿನ ಹಾಳೆ. ಹಿಡಿಯಿಲ್ಲ, ಮೊಳೆಯಿಲ್ಲ, ಬೀಗದ ತೂತಿಲ್ಲ. ಇದ್ದರೆ ಹುಳ ಅಲ್ಲಿ ಮೊಟ್ಟೆ ಇಡುತ್ತದೆ. ಕೆಲಸ ಮುಗಿದ ಮೇಲೆ ನಡುವಿನವರು ಚಿಲಕ ತೆಗೆದು, ಹೊರಬಂದವರನ್ನು ತಲೆಯಿಂದ ಕಾಲಿನವರೆಗೆ ಬ್ರಷ್ಷಿನಿಂದ ಉಜ್ಜಿ, ಒಂದು ಹುಳವೂ ಅಂಟಿಲ್ಲ ಎಂದಾದ ಮೇಲೆ ಹೊರಗೆ ಬಿಡುತ್ತಾರೆ. ಒಂದೇ ಒಂದು ಹೆಣ್ಣುಹುಳ ನುಸುಳಿದರೂ ಗೋದಾಮಿನಲ್ಲಿರುವ ಚರ್ಮ, ಗರಿ, ಕೊಂಬು ಎಲ್ಲಾ ಮಣ್ಣುಪಾಲು.

ನಡುವೆ ನಿಲ್ಲುವ ಕೆಲಸದವರು ಇವತ್ತು ಯಜಮಾನನ ಜೊತೆ ಯಾವುದೋ ಕಾಲೇಜಿನಲ್ಲಿ ಒಂಟೆಯ ಮೂಳೆ ಜೋಡಿಸಲು ಹೋಗಿದ್ದರು. ಕಟ್ಟಡದಲ್ಲಿ ಇದ್ದದ್ದು ಅತ್ತಿಗೆ, ಹುಳದಕ್ಕ, ಮೈದುನ, ಮೂರೇ ಜನ.

"ನಾನು ನಿಲ್ತೀನಿ ಬಿಡು," ಎಂದ ಮೈದುನ. ಎಂದವನು ಅಲ್ಲೇ ತಡವರಿಸಿದ. "ಅತ್ತಿಗೆ, ಒಳಗೆ ಹೋಗಲೇಬೇಕಾ? ಹುಳ ಬಿಟ್ಟರೆ ಅಲ್ಲಿ ಏನಿದೆ?"

"ಏನೂ ಇಲ್ಲ ಅಂತ ನೋಡ್ಕೊಂಡು ಬರೋಕೇ ಹೋಗ್ತಿರೋದು. ಮುಖ ಯಾಕೋ ಹಿಂಗೆ ಸೀದುಹೋದ ಹಾಗೆ ಮಾಡ್ಕೊಂಡಿದೀಯ? ಸಂಜೆ ನಾನೂ ನೀನೂ ಒಟ್ಟಿಗೆ ಮನೆಗೆ ಹೋಗ್ತೀವಿ. ಆಯ್ತಾ?"

ಅವನು ತಲೆಯಾಡಿಸಿದ. ಹಾಲುಹಲ್ಲು ಬೀಳುವ ವಯಸ್ಸಿನಲ್ಲಿ ಅವಳ ಕೈಗೆ ಬಂದ ಹುಡುಗ ಅವನು. ಹೆತ್ತವಳಲ್ಲದಿದ್ದರೂ ಹೊತ್ತವಳು ಅವಳು. ಇವನನ್ನು ಜೈಲಿಗೆ ಕಳಿಸಿ ಮನೆಗೆ ಹೋಗಿ ಒಂದು ತುತ್ತು ನುಂಗುವುದಾದರೂ ಹೇಗೆ ಎಂದುಕೊಂಡಳು.

ಅತ್ತಿಗೆ, ಹುಳದಕ್ಕ ಇಬ್ಬರೂ ಒಳಗೆ ಹೋದರು. ಹಿಂದೆ ಚಿಲಕ ಬಿತ್ತು.

ಕೋಣೆಯಲ್ಲಿ ಕಿಟಕಿಯೇ ಇಲ್ಲ. ಮೈಗೆ ಒದ್ದೆ ಕಂಬಳಿ ಹೊದಿಸಿದಂಥ ಸೆಕೆ. ಸೂರಿನ ಹತ್ತಿರ ಗಾಳಿ ಎಳೆಯುವ ಫ್ಯಾನು ಗೊರಗೊರ ಎನ್ನುತ್ತಿತ್ತು, ಒಳಗೆ ಗಾಳಿಯಾಡಲು ಅದೊಂದೇ ದಾರಿ. ಗೋಡೆಗೆ ಒಂದು ಪುಟ್ಟ ಸ್ಪೀಕರು. ಒಳಗಿನ ಮಾತು ನಡುಗೋಣೆಗೆ, ನಡುಗೋಣೆಯ ಮಾತು ಒಳಕ್ಕೆ ಕೇಳಿಸಲೆಂದು. ಬಾಗಿಲಿನಲ್ಲಿ ಅಂಗೈ ಅಗಲದ ಗಾಜು. ಅದರಾಚೆ ಮೈದುನನ ಅರ್ಧ ಮುಖ.

ಉದ್ದಕ್ಕೂ ಗಾಜಿನ ತೊಟ್ಟಿಗಳು. ಒಂದರಲ್ಲಿ ಹಂಸ, ಒಂದರಲ್ಲಿ ಮೂರ್ನಾಲ್ಕು ಕೋತಿತಲೆ. ಹುಳಗಳು ಮೇಯುವ ಸದ್ದು ಕಿವಿಗೊಟ್ಟರೆ ಕೇಳಿಸುತ್ತಿತ್ತು.

"ಹೆದರಬೇಡಿ," ಎಂದಳು ಹುಳದಕ್ಕ. ಗಟ್ಟಿಮುಟ್ಟಾದ ಐವತ್ತರ ಹೆಂಗಸು, ತೋಳಿನ ತುಂಬ ಹಳೇ ಸುಟ್ಟಗಾಯ. "ಜೀವ ಇರೋದನ್ನ ಇವು ಮುಟ್ಟೋದಿಲ್ಲ. ಮನುಷ್ಯರ ಹಾಗಲ್ಲ ನೋಡಿ."

"ಹಸಿ ಮಾಂಸಾನೂ ಮುಟ್ಟಲ್ವಂತೆ?"

"ಮುಟ್ಟಿದ್ರೂ ಕೆಡ್ತವೆ. ಹಸೀದು ಹಾಕಿದರೆ ಬೂಷ್ಟು ಹತ್ತಿ ವಂಶಾನೇ ನಾಶ. ಗಾಳಿಗೆ ಒಣಗಿಸಿ, ಅಂಗೈಯಿಂದ ತಟ್ಟಿ ನೋಡಿ, ಜಿಗುಟು ಪೂರ್ತಿ ಹೋದ ಮೇಲೆ ಹಾಕಬೇಕು. ನಿಮಗೆ ಹೆಂಗೆ ಗೊತ್ತು?"

"ಈ ವಾರದ ಕಂತಿನಲ್ಲಿ ಬಂದಿತ್ತು. ನಮ್ಮನೆಯವರು ಓದಿ ಹೇಳಿದ್ರು. ಅಂಗೈಯಿಂದ ತಟ್ಟೋದೂ ಇತ್ತು."

"ಅಯ್ಯೋ, ನಾನು ಕಥೆಗಿಥೆ ಓದೋಳಲ್ಲ."

ಅತ್ತಿಗೆ ಕೊನೆಯ ತೊಟ್ಟಿಯ ಮುಂದೆ ನಿಂತಳು. ಎಲ್ಲಕ್ಕಿಂತ ದೊಡ್ಡದು. ಒಳಗೆ ಒಂದು ಪ್ರಾಣಿ ಪಕ್ಕೆ ಮೇಲೆ ಮಾಡಿ ಮಲಗಿತ್ತು.

"ಇದ್ಯಾವುದು?"

"ಮೃಗಾಲಯದ ಮುದಿ ತೋಳ."

"ಯಾವಾಗ ಹಾಕಿದ್ದು?"

"ಕಥೆಗಾರರು ಕಾಣೆಯಾದರಲ್ಲ, ಅದಕ್ಕೆ ಒಂದು ದಿನ ಮುಂಚೆ."

"ಒಂದು ತೋಳ ಮುಗಿಸೋಕೆ ಇವಕ್ಕೆ ಎಷ್ಟು ದಿನ ಬೇಕು?"

"ನನ್ನ ಮಕ್ಕಳಿಗಾ?" ಹುಳದಕ್ಕನ ಮುಖ ಅರಳಿತು. "ಹೊಟ್ಟೆ ಹಸಿದಿದ್ರೆ ವಾರ ಕೂಡ ಬೇಡ. ನೆಕ್ಕಿಟ್ಟ ಹಾಗೆ ಮಾಡಿಬಿಡ್ತವೆ. ಬೇರೆ ಯಾವ ಮೂಳೆಮನೆಯಲ್ಲೂ ಇಂಥ..."

ಅಲ್ಲಿಗೇ ನಾಲಿಗೆ ಕಚ್ಚಿಕೊಂಡಳು. ಹೆಮ್ಮೆ ಅನ್ನುವುದು ಕೆಟ್ಟದ್ದು ನೋಡಿ, ಬಾಯಿಗಿಂತ ಮುಂದೆ ಓಡುತ್ತದೆ.

ತೋಳದ ಪಕ್ಕೆಲುಬುಗಳ ನಡುವೆ ಮಾಂಸ ಕಪ್ಪಗೆ ಒಣಗಿ ಹಾಗೇ ಇತ್ತು. ತೊಡೆಯಂತೂ ಮುಟ್ಟೇ ಇರಲಿಲ್ಲ.

"ಮತ್ತೆ ಇದೇನು?" ಎಂದಳು ಅತ್ತಿಗೆ.

"ಅದು... ಹೀಟರು ಕೆಟ್ಟಿತ್ತು. ಚಳಿಯಾದರೆ ಇವು ಉಣ್ಣಲ್ಲ."

"ಚಳಿಗೆ ಮುದುಡಿದ ಹುಳ ಮರಿ ಹಾಕುತ್ತೇನ್ರೀ?"

ತೊಟ್ಟಿಯ ತಳದಲ್ಲಿ ಮರಿಹುಳಗಳು ತುಂಬಿ ತುಳುಕುತ್ತಿದ್ದವು. ಒಂದೊಂದೂ ಕೊಬ್ಬಿ, ರೋಮದ ಮೈ ಹೊಳೆಯುತ್ತಿತ್ತು. ಪಕ್ಕದ ತೊಟ್ಟಿಯವು ಇವುಗಳ ಮುಂದೆ ಬಡಪಾಯಿಗಳು.

"ಹಸಿದ ಹೊಟ್ಟೆಯವರು ತಟ್ಟೆಯಲ್ಲಿ ಬಿಡಲ್ಲ, ಹುಳದಕ್ಕ. ಬೇರೆ ಕಡೆ ಉಂಡು ಬಂದೋರು ಬಿಡ್ತಾರೆ. ಇವಕ್ಕೆ ತೋಳದ ಜೊತೆಗೆ ಬೇರೇನೋ ಹೊಟ್ಟೆಬಿರಿಯ ಯಾರೋ ಉಣಿಸಿದಾರೆ. ಏನು ಉಣಿಸಿದ್ರಿ?"

ಹುಳದಕ್ಕ ಏಪ್ರನ್ನಿನ ತುದಿಯಲ್ಲಿ ಕೈ ಒರೆಸಿಕೊಂಡಳು. ಕೈಯಲ್ಲಿ ಒರೆಸುವಂಥದ್ದು ಏನೂ ಇರಲಿಲ್ಲ.

"ಕುದುರೆ ಮಾಂಸ," ಎಂದಳು. "ಯಾವುದೋ ಲಾಯದಲ್ಲಿ ಸತ್ತಿದ್ದು. ಬಿಸಾಕೋ ಬದಲು ತಂದುಕೊಟ್ಟರು. ಮೂಳೆ ಇರಲಿಲ್ಲ, ಬರೀ ತುಂಡು."

"ಕುದುರೆ."

"ಹೂಂ."

ಅತ್ತಿಗೆ ಗೋಡೆಯ ಮೇಲಿದ್ದ ಉದ್ದನೆಯ ಚಿಮಟ ಕೈಗೆ ತೆಗೆದುಕೊಂಡಳು. ತೊಟ್ಟಿಯ ತಳದಲ್ಲಿ ಹುಳ ಉದುರಿಸಿದ ಕಂದು ಪುಡಿ ಎರಡು ಬೆರಳು ದಪ್ಪ ಕೂತಿತ್ತು. ಅತ್ತಿಗೆ ಒಂದು ಮೂಲೆಯಿಂದ ಪುಡಿಯನ್ನು ಕೆದಕುತ್ತ ಬಂದಳು. ಒಣ ಸಿಪ್ಪೆ. ಹುಳಗಳು ಬಿಟ್ಟ ಪೊರೆ. ದಾರದ ಎಳೆ. ತೋಳದ ರೋಮ. ಬೆವರು ಹುಬ್ಬಿನಿಂದ ಕಣ್ಣಿಗಿಳಿದು ಉರಿಯುತ್ತಿತ್ತು.

ಚಿಮಟದ ತುದಿಗೆ ಏನೋ ಮೆತ್ತಗೆ ಸಿಕ್ಕಿತು. ಎತ್ತಿ ಬೆಳಕಿಗೆ ಹಿಡಿದಳು.

ಗಾಯಕ್ಕೆ ಅಂಟಿಸುವ ಪ್ಲಾಸ್ಟಿಕ್ ಪಟ್ಟಿ. ಬೆರಳಿನ ಸುತ್ತ ಸುತ್ತಿದ ಉಂಗುರದ ಆಕಾರ ಇನ್ನೂ ಬಿಟ್ಟಿರಲಿಲ್ಲ. ಅದರ ಮೇಲೆ ಹಳದಿ ಬಾತುಕೋಳಿಗಳ ಚಿತ್ರವಿತ್ತು.

ಮೊನ್ನೆ ರಕ್ಕಸಪ್ಪನ ಮನೆಗೆ ಹೋದಾಗ ಅವನ ಪುಟ್ಟ ಮಗಳು ಅವಳ ತೊಡೆಯ ಮೇಲೆ ಕೂತು ಹೇಳಿದ್ದಳು: "ಅಪ್ಪ ಸೇಬು ಹೆಚ್ಚೋವಾಗ ಬೆರಳು ಕುಯ್ಕೊಂಡ. ನಾನೇ ಪಟ್ಟಿ ಹಾಕ್ದೆ. ಬಾತುಕೋಳೀದು."

ಎಲ್ಲೋ ಸಾಲಗೀಲ ಮಾಡಿಕೊಂಡು ಓಡಿಹೋಗಿರಬಹುದು, ಒಂದು ದಿನ ತಲೆ ಕೆರೆದುಕೊಂಡು ಬಂದು ನಿಲ್ಲಬಹುದು ಎಂದು ಇಷ್ಟು ದಿನ ಅವಳ ಮನಸ್ಸು ಒಂದು ಮೂಲೆಯಲ್ಲಿ ಆಸೆ ಇಟ್ಟುಕೊಂಡಿತ್ತು. ಆ ಆಸೆ ಈಗ ಚಿಮಟದ ತುದಿಯಲ್ಲಿ ನೇತಾಡುತ್ತಿತ್ತು. ಆ ಮಗುವಿಗೆ ಏನು ಹೇಳಲಿ ದೇವರೇ ಎಂದುಕೊಂಡಳು.

"ನಿಮ್ಮ ಕಡೆ ಕುದುರೆಗಳು ಬೆರಳಿಗೆ ಪಟ್ಟಿ ಅಂಟಿಸ್ಕೊಳ್ತವಾ ಹುಳದಕ್ಕ?"

ಹುಳದಕ್ಕ ಗೋಡೆಗೆ ಒರಗಿದಳು. ಒರಗಿದವಳು ಹಾಗೇ ಜಾರಿ ನೆಲಕ್ಕೆ ಕೂತಳು.

"ನನಗೆ ಗೊತ್ತಿರಲಿಲ್ಲ. ನನ್ನ ಮಕ್ಕಳಾಣೆಗೂ ಗೊತ್ತಿರಲಿಲ್ಲ. ಕುದುರೆ ಅಂದ. ನಂಬಿದೆ. ತೊಟ್ಟಿಗೆ ಹಾಕಿದ ಮೇಲೆ ಒಂದು ತುಂಡಿನ ಮೇಲೆ ಚರ್ಮ ಕಂಡಿತು... ಕುದುರೆ ಚರ್ಮ ನಾನು ಕಂಡಿಲ್ವಾ ಅತ್ತಿಗೆ? ಅಷ್ಟು ಹೊತ್ತಿಗೆ ಇವು ಮುತ್ತಿಬಿಟ್ಟಿದ್ದವು. ಹೊರಗೆ ಹೇಳಿದರೆ ನಾನೇ ಉಣಿಸಿದೋಳು ಅಂತಾಗುತ್ತೆ. ಬಾಯಿ ಮು‍ಚ್ಚಿಕೊಂಡೆ. ಅವತ್ತಿಂದ ನನಗೆ ಅನ್ನ ಸೇರಿಲ್ಲ."

"ಯಾರು ತಂದುಕೊಟ್ಟಿದ್ದು?"

"ಅಚ್ಚುಕಟ್ಟಾಗಿ ಒಣಗಿಸಿ ತಂದಿದ್ದ. ಹದ ಒಂದಿಷ್ಟೂ ತಪ್ಪಿರಲಿಲ್ಲ. ಹೊರಗಿನೋರಾಗಿದ್ರೆ ಹಸೀದೇ ತಂದು ಸುರೀತಿದ್ರು. ಹುಳಕ್ಕೆ ತೊಂದರೆ ಆಗಬಾರದು ಅಂತ ಒಣಗಿಸಿ ತರೋ ಬುದ್ಧಿ ಈ ಮೂಳೆಮನೇಲಿ ಕೆಲಸ ಮಾಡೋರಿಗೆ ಬಿಟ್ಟು ಇನ್ಯಾರಿಗೆ ಬರುತ್ತೆ? ಅವನಿಗೆ ಕಲಿಸಿದೋಳು ನಾನೇ."

"ಯಾರಿಗೆ?"

ಹುಳದಕ್ಕನ ಕಣ್ಣು ಬಾಗಿಲಿನ ಗಾಜಿನ ಕಡೆ ಹೋಯಿತು.

"ಸುಳ್ಳು," ಎಂದಳು ಅತ್ತಿಗೆ. "ಸುಳ್ಳು ಬೊಗಳ್ತೀರಾ. ನಿಮ್ಮ ತಪ್ಪನ್ನ ಆ ಮಗೂ ತಲೆಗೆ ಕಟ್ಟಬೇಡಿ."

"ನಿಮಗೆ ಮಗು. ಗಂಟು ಹೊತ್ತು ತಂದು ಇದೇ ಕೈಗೆ ಕೊಟ್ಟೋನು ಅವನೇ."

ಅತ್ತಿಗೆ ಬಾಗಿಲಿಗೆ ಹೋಗಿ ಅಂಗೈಯಿಂದ ಬಡಿದಳು.

"ಬಾಗಿಲು ತೆಗಿಯೋ."

ಗಾಜಿನಾಚೆ ಅರ್ಧ ಮುಖ ಅಲುಗಲಿಲ್ಲ.

"ತೆಗಿಯೋ ಅಂದೆ!"

"ತೆಗೆದ್ರೆ ಎಲ್ಲಿಗೆ ಹೋಗ್ತೀಯ ಅತ್ತಿಗೆ?" ಸ್ಪೀಕರಿನಿಂದ ಬಂದ ದನಿ ಸಣ್ಣದಾಗಿತ್ತು. ಎಲ್ಲವನ್ನೂ ಕೇಳಿಸಿಕೊಂಡಿದ್ದ. "ನೇರ ಠಾಣೆಗೇ ತಾನೆ?"

"ನೀನು ತಪ್ಪು ಮಾಡಿದ್ರೆ ಕೈ ಹಿಡಿದು ನಾನೇ ಕರ್ಕೊಂಡು ಹೋಗ್ತೀನಿ. ನಿನ್ನ ಜೊತೆ ನಾನೂ ಅಲ್ಲೇ ಮಲಗ್ತೀನಿ. ಮೊದಲು ಬಾಗಿಲು ತೆಗಿ. ಆ ಗಂಟು ನೀನು ತಂದಿದ್ದಾ?"

"ತಂದೆ."

"ಅದು ಏನು ಅಂತ ಗೊತ್ತಿತ್ತಾ?"

ಅವನು ಅಳುತ್ತಿದ್ದ. ಗಾಜಿನ ಮೇಲೆ ಅವನ ಉಸಿರು ಮಂಜಾಗಿ ಕೂತು ಮುಖ ಮರೆಯಾಯಿತು.

"ಗೊತ್ತಿತ್ತು. ಆದ್ರೆ ನಾನು ಕೊಂದಿಲ್ಲ ಅತ್ತಿಗೆ. ನಾನಾಗಿದ್ರೆ ಅವತ್ತೇ ನಿನ್ನ ಕಾಲಿಗೆ ಬಿದ್ದು ಹೇಳಿರ್ತಿದ್ದೆ. ನಿನಗೆ ಗೊತ್ತಿಲ್ವಾ?"

"ಗೊತ್ತು. ಮತ್ತೆ ಯಾರು?"

"ಕೇಳಬೇಡ. ಅಣ್ಣನಿಗೆ ಫೋನ್ ಮಾಡಿದೀನಿ. ಬರ್ತಾ ಇದಾನೆ. ಅವನು ಬರೋ ತನಕ ಸುಮ್ಮನೆ ಇರು, ನಿನ್ನ ದಮ್ಮಯ್ಯ."

ಅಬ್ಬ ಎನ್ನಿಸಿತು ಅತ್ತಿಗೆಗೆ. ಗಂಡ ಬರುತ್ತಿದ್ದಾನೆ. ಎಂದೂ ಜೋರಾಗಿ ಮಾತಾಡದ ಮನುಷ್ಯ, ನೊಣ ಹೊಡೆಯಲೂ ಹಿಂದೆಮುಂದೆ ನೋಡುವವನು. ಆದರೆ ತಮ್ಮ ಕೇಳುವುದು ಅವನ ಮಾತು ಮಾತ್ರ. ಬಂದು ಬಾಗಿಲು ತೆಗೆಸುತ್ತಾನೆ. ಮೂವರೂ ಕೂತು ಯೋಚಿಸಿದರೆ ದಾರಿ ಕಾಣದೇ ಇರುತ್ತದೆಯೇ? ಅವಳು ಹುಳದಕ್ಕನ ಪಕ್ಕ ನೆಲದ ಮೇಲೆ ಕೂತಳು. ಗಂಟಲು ಒಣಗಿತ್ತು. ನೀರು ಸಹ ಇರಲಿಲ್ಲ.

ಸುಮ್ಮನೆ ಕೂತರೆ ತಲೆ ಕೆಡುತ್ತದೆ ಎಂದು ಮಾತು ತೆಗೆದಳು.

"ಒಣಗಿಸೋ ಹದ ಅವನಿಗೆ ನೀವು ಕಲಿಸಿದ್ರಿ, ಸರಿ. ರಕ್ಕಸಪ್ಪನಿಗೂ ನೀವೇ ತೋರಿಸಿದ್ರಾ?"

"ಅವರಿಗೆಲ್ಲಿ ತೋರಿಸೋದು? ಮೊದಲ ಸಲ ಬಂದಾಗ ನಡುಗೋಣೇಲಿ ನಿಂತು ಗಾಜಿನಿಂದ ಒಂದು ಸಲ ಇಣುಕಿದ್ರು. ಅಲ್ಲೇ ವಾಂತಿ ಮಾಡ್ಕೊಂಡು ಓಡಿದ್ರು. ಒಣಗಿಸೋ ಶೆಡ್ಡು ಹಿತ್ತಲಲ್ಲಿದೆ. ಆ ಕಡೆ ಮುಖಾನೂ ಹಾಕಲಿಲ್ಲ."

"ಹಾಗಿದ್ರೆ ಅಂಗೈಯಿಂದ ತಟ್ಟೋದು ಬರೆದಿದ್ದು ಹೇಗೆ?"

"ನನ್ನ ಕೇಳಿದ್ರೆ?"

ಅತ್ತಿಗೆ ಆ ಕಂತನ್ನು ನೆನಪಿಸಿಕೊಂಡಳು. ಮೊನ್ನೆ ಗಂಡ ಕಾಲು ಚಾಚಿ ಕೂತು ಓದಿ ಹೇಳಿದ್ದ. ಇವಳು ಬಟ್ಟೆ ಮಡಚುತ್ತ ಕೇಳಿಸಿಕೊಂಡಿದ್ದಳು. ಕಥೆಯಲ್ಲಿ ಕೊಲೆಗಾರ ಮಹಡಿಯ ಕೋಣೆಯಲ್ಲಿ ಟೇಬಲ್ ಫ್ಯಾನು ಹಚ್ಚಿ ಮಾಂಸ ಒಣಗಿಸುತ್ತಾನೆ. ಊರಿಂದ ಬಂದ ಹೆಂಡತಿ ಮೂಗು ಮುಚ್ಚಿಕೊಂಡು ಇದೇನು ವಾಸನೆ ಅಂದರೆ, ಇಲಿ ಸತ್ತಿತ್ತು ಕಣೇ, ಈಗಷ್ಟೇ ಫಿನೈಲು ಹಾಕಿ ತೊಳೆದೆ ಅನ್ನುತ್ತಾನೆ.

ಅಲ್ಲಿ ಇವಳಿಗೆ ನಗು ಬಂದಿತ್ತು. "ಎಲ್ಲಾ ಮನೆ ಕಥೆಯೂ ಒಂದೇ ನೋಡಿ," ಎಂದಿದ್ದಳು.

ಎರಡು ವಾರದ ಹಿಂದೆ ಅಕ್ಕ ಜಾರಿ ಬಿದ್ದು ಕಾಲು ಮುರಿದುಕೊಂಡಾಗ ಅವಳ ಆರೈಕೆಗೆ ಹೋಗಿದ್ದವಳು ಇವಳು. ವಾಪಸು ಬಂದ ದಿನ ಮಹಡಿಯ ಕೋಣೆಯಿಂದ ಫಿನೈಲು ಮೂಗಿಗೆ ಹೊಡೆದಿತ್ತು. ಇಲಿ ಸತ್ತಿತ್ತು ಕಣೇ, ಎಂದಿದ್ದ ಗಂಡ.

ಮುಂಚೆಯೇ ಬರೆದುಕೊಟ್ಟ ಕಂತಲ್ಲ ಅದು. ಸತ್ತವನು ಬರೆದದ್ದೂ ಅಲ್ಲ. ವಾರವಾರ ಅವನ ಕಥೆಗೆ ಪುಟ ಕಟ್ಟಿ ಕಟ್ಟಿ, ಒಣಗಿಸುವ ಹದ ತಮ್ಮನಿಂದ ತಿಳಿದು, ಒಂದು ದಿನ ಅವನ ಜಾಗದಲ್ಲಿ ಕೂತವನು ಬರೆದದ್ದು. ಮಾಡಿದ್ದನ್ನು ಮುಚ್ಚಿಡಬೇಕಾದವನು, ಅಷ್ಟು ಚೆನ್ನಾದ ವಿವರ ಕೈಗೆ ಸಿಕ್ಕ ಮೇಲೆ ಬರೆಯದೆ ಇರಲಾರದೆ ಹೋಗಿದ್ದ.

ಊರಿನವರ ಮನೆಯ ಕೊಳೆಯನ್ನೆಲ್ಲ ಕೆದಕಿ ಹುಡುಕುವ ಹೆಂಗಸು, ದೀಪದ ಬುಡದಲ್ಲೇ ಕತ್ತಲು! ಇಲ್ಲ, ಹೀಗಿರಲಾರದು, ಸೆಕೆಗೆ ತಲೆ ತಿರುಗಿ ಏನೇನೋ ಹೊಳೆಯುತ್ತಿದೆ ಎಂದು ಅವಳು ತನಗೆ ತಾನೇ ಹೇಳಿಕೊಂಡಳು. ಬರಲಿ. ಅಲ್ಲ ಅಂತ ಅವರ ಬಾಯಿಂದಲೇ ಕೇಳಿಸಿಕೊಳ್ಳುತ್ತೇನೆ.

ಹೊರಬಾಗಿಲು ತೆರೆದುಕೊಂಡ ಸದ್ದು ಸ್ಪೀಕರಿನಲ್ಲಿ ಕೇಳಿಸಿತು. ಯಾರೋ ಒಳಗೆ ಬಂದು ಅದನ್ನು ನಿಧಾನವಾಗಿ, ಪೂರ್ತಿ ಮುಚ್ಚಿದರು.

ಅತ್ತಿಗೆ ಎದ್ದು ಗಾಜಿಗೆ ಮುಖ ಒತ್ತಿದಳು. ಗಂಡನೇ. ಅಂಗಿಯ ತೋಳಿಗೆ ಎಂದಿನಂತೆ ಶಾಯಿ ಅಂಟಿತ್ತು. ಚಿಲಕ ಅವನ ಕೈಗೆಟುಕುವಷ್ಟರಲ್ಲೇ ಇತ್ತು. ಅವನು ಅದರ ಕಡೆ ನೋಡಲಿಲ್ಲ.

"ರೀ," ಎಂದಳು. "ರೀ, ಮೊದಲು ಬಾಗಿಲು ತೆಗೀರಿ. ಉಸಿರು ಕಟ್ತಿದೆ."

ಅವನು ತಮ್ಮನ ಕಡೆ ತಿರುಗಿದ.

"ಹುಳದಕ್ಕ ಏನೇನು ಹೇಳಿದಳು?"

ಈ ಮೂಳೆಮನೆಗೆ ಅವನು ಕಾಲಿಟ್ಟವನೇ ಅಲ್ಲ ಎಂದು ಅವಳು ತಿಳಿದಿದ್ದಳು. ಹಿಂದೆ ಕೂತಿದ್ದ ಹುಳದಕ್ಕ ಆ ದನಿ ಕೇಳಿದವಳೇ "ಅಯ್ಯೋ, ಇವರಾ? ಗಂಟು ತಂದ ದಿನ ವ್ಯಾನಿನೊಳಗಿಂದ ಕೇಳಿಸಿದ್ದು ಇದೇ ದನಿ!" ಎಂದಳು.

"ಎಲ್ಲಾ ಹೇಳಿದಳು," ಎಂದ ಮೈದುನ. "ಅಣ್ಣಾ, ನನ್ನ ಹೆಸರೇ ಇರಲಿ. ನಾನು ಜೈಲಿಗೆ ಹೋಗ್ತೀನಿ. ಅತ್ತಿಗೇನ ಹೊರಗೆ ಬಿಟ್ಟುಬಿಡೋಣ."

ಗಂಡ ಗಾಜಿನ ಹತ್ತಿರ ಬಂದ. ಇಷ್ಟು ವರ್ಷ ಮನೆಯಲ್ಲಿ ನೋಡಿದ ಅದೇ ಮುಖ. ಸಿಟ್ಟಿಲ್ಲ, ಗಾಬರಿಯಿಲ್ಲ. ಕಣ್ಣಿನಲ್ಲಿ ಅವಳ ಮೇಲಿನ ಮಮತೆಯೂ ಇದ್ದ ಹಾಗೇ ಇತ್ತು. ಅದನ್ನು ಕಂಡೇ ಅವಳಿಗೆ ಮೊದಲ ಬಾರಿಗೆ ಅವನ ಹೆದರಿಕೆಯಾಯಿತು.

"ಊಟ ಮಾಡಿದ್ಯೇನೆ?" ಎಂದು ಕೇಳಿದ.

ಅವಳು ಮತ್ತೆ ಬಾಗಿಲು ಬಡಿದಳು.

ಅವನು ಗೋಡೆಯ ಕಡೆ ಕೈ ಚಾಚಿದ. ಸ್ಪೀಕರು ಟಿಕ್ಕೆಂದು ಸತ್ತುಹೋಯಿತು. ಇನ್ನೊಂದು ಸ್ವಿಚ್ಚು ಒತ್ತಿದ. ಸೂರಿನ ಫ್ಯಾನು ಗೊರಗುಟ್ಟುವುದನ್ನು ಕಡಿಮೆ ಮಾಡುತ್ತ ಮಾಡುತ್ತ ನಿಂತಿತು. ಹಿಂದಿನಿಂದ ಹುಳದಕ್ಕ ಎದ್ದು ಬಂದು ಅತ್ತಿಗೆಯ ತೋಳು ಹಿಡಿದುಕೊಂಡಳು.

ಗಾಜಿನಾಚೆ ಗಂಡ ತಮ್ಮನ ಹೆಗಲ ಮೇಲೆ ಕೈ ಹಾಕಿ ಏನೋ ಹೇಳುತ್ತಿದ್ದ. ಮಕ್ಕಳಿಗೆ ಬುದ್ಧಿ ಹೇಳುವ ಹಾಗೆ, ನಿಧಾನವಾಗಿ. ಮೈದುನ ಬೇಡ, ಬೇಡ ಎಂದು ತಲೆಯಾಡಿಸುತ್ತಿದ್ದ. ಕಣ್ಣೀರು ಗಲ್ಲದಿಂದ ತೊಟ್ಟಿಕ್ಕುತ್ತಿತ್ತು. ಅವನ ಕಣ್ಣು ಒಂದು ಸಲ ಅತ್ತಿಗೆಯ ಕಣ್ಣಿಗೆ ಸಿಕ್ಕಿತು. ಅವಳು ಎರಡೂ ಅಂಗೈಗಳನ್ನು ಗಾಜಿಗೆ ಒತ್ತಿ ಅವನ ಹೆಸರು ಹಿಡಿದು ಕೂಗಿದಳು. ಕೂಗು ಅವಳಿಗೇ ಕೇಳಿಸಿತು, ಅವನಿಗೆ ಕೇಳಿಸಲಿಲ್ಲ.

ಗಂಡ ಇನ್ನೂ ಹೇಳುತ್ತಲೇ ಇದ್ದ. ಮೈದುನ ತಲೆಯಾಡಿಸುವುದನ್ನು ನಿಲ್ಲಿಸಿದ.